ಕನ್ನಡದಲ್ಲಿ ಕ್ರಿಕೆಟ್ ಮಾತು: ವಿಜಯ್ ಭಾರದ್ವಾಜ್ ಅವರ ಎರಡನೆಯ ಇನಿಂಗ್ಸ್

ಶತಮಾನೋತ್ಸವದ ಸ್ಮರಣ ಸಂಚಿಕೆಗೆ ಕ್ರೀಡೆಯ ಇತಿಹಾಸವನ್ನು ಕುರಿತು ಒಂದು ಲೇಖನ ಬರೆದುಕೊಡಬೇಕೆಂದು ಸಂಪಾದಕ ಮಂಡಳಿಯ ಹಿರಿಯರು ಕೇಳಿದಾಗ, ನಮ್ಮ ಶಾಲೆಯ ಕಬಡ್ಡಿ ಮತ್ತು ಖೋ-ಖೋ ತಂಡಗಳ ಕಥೆಯನ್ನು ನಾನು ಬರೆಯುವೆನೆಂದು ಅವರು ನಿರೀಕ್ಷಿಸಿದ್ದಿರಬೇಕು. ಆ ಕಥೆಯನ್ನು ನನಗಿಂತ ಚೆನ್ನಾಗಿ ಬಲ್ಲ ಹಳೆಯ ವಿದ್ಯಾರ್ಥಿಗಳಿದ್ದಾರೆ, ಅವರೇ ಬರೆಯಲಿ. ನಾನು ಆರಿಸಿಕೊಂಡಿರುವುದು ಬೆಂಗಳೂರಿನ ಒಬ್ಬ ಕ್ರಿಕೆಟಿಗನನ್ನು. ಅದೂ ಅವರ ಆಟಕ್ಕಿಂತ ಹೆಚ್ಚಾಗಿ ಅವರ ಮಾತನ್ನು. ನಾರಾಯಣಪೇಟೆ, ಮಕ್ತಲ್, ಗದ್ವಾಲ ಸೀಮೆಯ ಒಂದು ಕನ್ನಡ ಶಾಲೆಯ ಸಂಚಿಕೆಯಲ್ಲಿ ಇದಕ್ಕೇನು ಸ್ಥಾನ ಎಂದು ಕೇಳುವವರು ಸ್ವಲ್ಪ ಸಹನೆಯಿಂದ ಓದಬೇಕೆಂದು ವಿನಂತಿ.

ನಮ್ಮ ನೆಲದ ಸ್ಥಿತಿಯನ್ನು ಮೊದಲು ನೆನೆಯಬೇಕು. ನಮ್ಮ ಶಾಲೆ ಕಣ್ಣುಬಿಟ್ಟದ್ದು ನಿಜಾಮರ ಆಳ್ವಿಕೆಯಲ್ಲಿ. ಆಗ ಕಚೇರಿಯ ಭಾಷೆ ಉರ್ದು, ಉನ್ನತ ಶಿಕ್ಷಣದ ಭಾಷೆಯೂ ಉರ್ದುವೇ. ಮನೆಯಲ್ಲಿ ಕನ್ನಡ, ಸಂತೆಯಲ್ಲಿ ತೆಲುಗು, ಅರ್ಜಿಯಲ್ಲಿ ಉರ್ದು ಎಂಬ ಬದುಕು ನಮ್ಮ ಅಜ್ಜಂದಿರದು. 1956ರ ನವೆಂಬರ್ 1ರಂದು ರಾಜ್ಯಗಳ ಪುನರ್ವಿಂಗಡಣೆಯಾದಾಗ ರಾಯಚೂರು ಜಿಲ್ಲೆಯಲ್ಲಿದ್ದ ಗದ್ವಾಲ ಮತ್ತು ಆಲಂಪುರ ತಾಲೂಕುಗಳು ಆಂಧ್ರಪ್ರದೇಶದ ಮಹಬೂಬನಗರ ಜಿಲ್ಲೆಗೆ ಸೇರಿದವು. ಮಕ್ತಲ್ ಮತ್ತು ನಾರಾಯಣಪೇಟೆ ಮೊದಲಿನಿಂದಲೂ ಆ ಜಿಲ್ಲೆಯಲ್ಲೇ ಇದ್ದವು. 2014ರಲ್ಲಿ ತೆಲಂಗಾಣ, 2016ರಲ್ಲಿ ಜೋಗುಳಾಂಬ ಗದ್ವಾಲ ಜಿಲ್ಲೆ, 2019ರಲ್ಲಿ ನಾರಾಯಣಪೇಟೆ ಜಿಲ್ಲೆ. ವಿಳಾಸ ಬದಲಾಗುತ್ತಾ ಬಂತು, ಊರು ಇದ್ದಲ್ಲೇ ಇತ್ತು. ಇಂದಿಗೂ ರಾಯಚೂರಿನಿಂದ ಯಾದಗಿರಿಗೆ ಹೊರಟ ರೈಲು ಕೃಷ್ಣಾ ನಿಲ್ದಾಣದಲ್ಲಿ ನಿಂತಾಗ ಅದು ನಿಂತಿರುವುದು ತೆಲಂಗಾಣದ ನೆಲದ ಮೇಲೆ. ಇಳಿದವರು ಮಾತನಾಡುವುದು ಕನ್ನಡ.

ಕ್ರಿಕೆಟ್ಟಿನಲ್ಲೂ ನಮ್ಮದು ಇಂಥದೇ ಇಬ್ಬಂದಿ. ಜಿಲ್ಲೆಯ ಲೆಕ್ಕದಲ್ಲಿ ನಾವು ಹೈದರಾಬಾದಿನವರು. 1930ರ ದಶಕದ ಆರಂಭದಿಂದ ಮೊಯಿನುದ್ದೌಲಾ ಚಿನ್ನದ ಬಟ್ಟಲಿನ ಪಂದ್ಯಗಳನ್ನು ನಡೆಸಿಕೊಂಡು ಬಂದ, ಜಯಸಿಂಹ ಮತ್ತು ಅಜರುದ್ದೀನ್ ಅವರಂಥ ಆಟಗಾರರನ್ನು ಕೊಟ್ಟ ಹೈದರಾಬಾದು ನಮ್ಮ ತಂಡ. ಭಾಷೆಯ ಲೆಕ್ಕದಲ್ಲಿ ಮಾತ್ರ ಮನಸ್ಸು ಹೊಳೆಯಾಚೆಗೆ ಓಡುತ್ತಿತ್ತು. ಪ್ರಸನ್ನ, ಚಂದ್ರಶೇಖರ್, ವಿಶ್ವನಾಥ್ ಅವರ ಸಾಹಸಗಳು ನಮಗೆ ಕನ್ನಡ ಪತ್ರಿಕೆಯಲ್ಲಿ ಬರುತ್ತಿದ್ದವು. ಆ ಪತ್ರಿಕೆ ರಾಯಚೂರಿನ ಬಸ್ಸಿನಲ್ಲಿ ಬರುತ್ತಿತ್ತು, ಬಸ್ಸು ತಡವಾದ ದಿನ ಸುದ್ದಿಯೂ ತಡ. ಆದರೆ ಆಟ ನಡೆಯುತ್ತಿರುವಾಗಲೇ ಕಿವಿಗೆ ಬೀಳುತ್ತಿದ್ದ ಮಾತು ಹೆಚ್ಚಾಗಿ ಇಂಗ್ಲಿಷಿನದು, ಇಲ್ಲವೆ ಹಿಂದಿಯದು. ಹಿಂದೆ ನಿಜಾಮರ ಡೆಕ್ಕನ್ ರೇಡಿಯೋ ಉರ್ದುವಿನ ಜೊತೆಗೆ ತೆಲುಗು, ಕನ್ನಡ, ಮರಾಠಿಗಳಿಗೂ ಒಂದಿಷ್ಟು ಹೊತ್ತು ಕೊಟ್ಟಿತ್ತು. ಮುಂದೆ ಆಕಾಶವಾಣಿಯ ಧಾರವಾಡ, ಗುಲಬರ್ಗಾ ಕೇಂದ್ರಗಳಿಂದ ನಾಟಕ, ಹಾಡು, ಕೃಷಿ ಸಲಹೆ, ವಾರ್ತೆ ಎಲ್ಲವೂ ಕನ್ನಡದಲ್ಲಿ ನಮ್ಮ ಕಟ್ಟೆಗೆ ಬಂದವು. ದೇಶ ವಿದೇಶಗಳ ಟೆಸ್ಟ್ ಪಂದ್ಯಕ್ಕೆ ಬಂದಾಗ ಮಾತ್ರ ಟ್ರಾನ್ಸಿಸ್ಟರು ಭಾಷೆ ಬದಲಿಸುತ್ತಿತ್ತು. ಹಿಂದಿ ಬಲ್ಲ ಒಬ್ಬ ಹುಡುಗ ಕೇಳಿ ಹೇಳುವುದು, ಉಳಿದ ಹತ್ತು ಜನ ಅವನ ಮುಖ ನೋಡುವುದು. ಅವನು ಹೇಳಿದ್ದರಲ್ಲಿ ಎಷ್ಟು ಆಟ, ಎಷ್ಟು ಅವನ ಕಲ್ಪನೆ ಎಂಬುದನ್ನು ನಾವು ಮರುದಿನದ ಪತ್ರಿಕೆಯಲ್ಲಿ ಪರೀಕ್ಷಿಸುತ್ತಿದ್ದೆವು.

ಇನ್ನು ನಾಯಕನ ವಿಚಾರಕ್ಕೆ ಬರುತ್ತೇನೆ. ರಾಘವೇಂದ್ರರಾವ್ ವಿಜಯ್ ಭಾರದ್ವಾಜ್ ಅವರು ಹುಟ್ಟಿದ್ದು 1975ರ ಆಗಸ್ಟ್ 15ರಂದು, ಬೆಂಗಳೂರಿನಲ್ಲಿ. ಬಲಗೈ ದಾಂಡಿಗ, ಆಫ್ ಸ್ಪಿನ್ ಬೌಲರ್, ಮೂಗಿನ ಮೇಲೆ ಕನ್ನಡಕ. 1990ರ ದಶಕದ ನಡುವಿನಲ್ಲಿ ಅವರು ಕಾಲಿಟ್ಟ ಕರ್ನಾಟಕ ತಂಡ ಸಾಮಾನ್ಯವಾದದ್ದಲ್ಲ. ಕುಂಬ್ಳೆ, ಶ್ರೀನಾಥ್, ವೆಂಕಟೇಶ್ ಪ್ರಸಾದ್, ದ್ರಾವಿಡ್, ಗದಗಿನ ಸುನೀಲ್ ಜೋಶಿ, ದೊಡ್ಡ ಗಣೇಶ್ ಇವರೆಲ್ಲ ಆ ಪೀಳಿಗೆಯವರು. 1995–96, 1997–98 ಮತ್ತು 1998–99, ಹೀಗೆ ನಾಲ್ಕು ವರ್ಷಗಳಲ್ಲಿ ಮೂರು ಬಾರಿ ಕರ್ನಾಟಕ ರಣಜಿ ಟ್ರೋಫಿ ಗೆದ್ದಿತು. ಮೂರನೆಯ ಗೆಲುವಿನ ಋತುವಿನಲ್ಲಿ ಭಾರದ್ವಾಜ್ ಒಬ್ಬರೇ ರಣಜಿಯಲ್ಲಿ 1,200ಕ್ಕೂ ಮಿಕ್ಕಿ ರನ್ ಗಳಿಸಿದರು. ಆ ಋತುವಿನ ಅಂತಿಮ ಪಂದ್ಯವನ್ನು ಇಲ್ಲಿ ಸ್ವಲ್ಪ ವಿಸ್ತಾರವಾಗಿಯೇ ಹೇಳಬೇಕು. ಅವರ ಮುಂದಿನ ಮಾತುಗಾರಿಕೆಯ ಬೇರು ನನಗೆ ಕಾಣುವುದು ಆ ಪಂದ್ಯದಲ್ಲಿ.

1999ರ ಬೇಸಿಗೆ, ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣ, ಎದುರಾಳಿ ಮಧ್ಯಪ್ರದೇಶ. ಐದು ದಿನದ ರಣಜಿ ಫೈನಲ್ ಪಂದ್ಯ ಡ್ರಾ ಆದರೆ ಮೊದಲ ಇನಿಂಗ್ಸಿನಲ್ಲಿ ಮುನ್ನಡೆ ಪಡೆದ ತಂಡಕ್ಕೆ ಪ್ರಶಸ್ತಿ ಎಂಬುದು ನಿಯಮ. ಕರ್ನಾಟಕ ಮೊದಲ ಇನಿಂಗ್ಸಿನಲ್ಲಿ 75 ರನ್‌ಗಳಷ್ಟು ಹಿಂದುಳಿಯಿತು. ಎಂದರೆ ಮಧ್ಯಪ್ರದೇಶ ಕೊನೆಯ ದಿನ ಗೆಲ್ಲಬೇಕಾಗಿರಲಿಲ್ಲ, ಔಟಾಗದೆ ನಿಂತರೆ ಸಾಕಾಗಿತ್ತು. ಗುರಿ 247. ಓಡಿಸಿ ಗೆಲ್ಲಬಹುದು, ಗೋಡೆಗಟ್ಟಿ ನಿಂತೂ ಗೆಲ್ಲಬಹುದು. ಎರಡು ದಾರಿಗಳಿದ್ದದ್ದೇ ಅವರಿಗೆ ಮುಳುವಾಯಿತೇನೋ. ಯಾವ ದಾರಿ ಹಿಡಿಯಬೇಕೆಂಬ ಗೊಂದಲದಲ್ಲಿರುವ ದಾಂಡಿಗನಿಗೆ, ಐದನೆಯ ದಿನದ ಸವೆದ ನೆಲದಲ್ಲಿ, ನಿಧಾನವಾಗಿ ತೇಲಿಬಂದು ತಿರುಗುವ ಚೆಂಡಿಗಿಂತ ದೊಡ್ಡ ತೊಡಕು ಬೇರೆ ಇಲ್ಲ. ಮುಂದೆ ಬಂದರೆ ಚೆಂಡು ತಪ್ಪುತ್ತದೆ, ಹಿಂದೆ ನಿಂತರೆ ಮೂಗಿನಡಿ ಕಾದಿರುವ ಕ್ಷೇತ್ರರಕ್ಷಕನ ಕೈ ಸೇರುತ್ತದೆ. ತಂಡದಲ್ಲಿ ಮುಖ್ಯವಾಗಿ ದಾಂಡಿಗನೇ ಆಗಿದ್ದ ಭಾರದ್ವಾಜ್ ಆ ದಿನ ಚೆಂಡು ಹಿಡಿದು 24 ರನ್ನಿಗೆ 6 ವಿಕೆಟ್ ಕಿತ್ತರು. ಮಧ್ಯಪ್ರದೇಶ 150ಕ್ಕೆ ಆಲೌಟ್. ಕರ್ನಾಟಕಕ್ಕೆ 96 ರನ್‌ಗಳ ಜಯ. ಸೋತ ತಂಡದ ನಾಯಕ ಚಂದ್ರಕಾಂತ ಪಂಡಿತ್ ಆ ನೋವನ್ನು ಇಪ್ಪತ್ತಮೂರು ವರ್ಷ ಹೊತ್ತಿದ್ದು, 2022ರ ಜೂನ್‌ನಲ್ಲಿ ಅದೇ ಚಿನ್ನಸ್ವಾಮಿ ಅಂಗಳದಲ್ಲಿ ಮುಂಬಯಿಯನ್ನು ಸೋಲಿಸಿದ ಮಧ್ಯಪ್ರದೇಶ ತಂಡದ ತರಬೇತುದಾರರಾಗಿ ಕಣ್ಣೀರು ಸುರಿಸಿದರು. ಇದನ್ನು ದೇಶವೆಲ್ಲ ನೋಡಿತು. ಆ ಕಣ್ಣೀರಿನ ಹಿಂದಿನ ಕಥೆಯಲ್ಲಿ ಕನ್ನಡಕದ ಈ ಕನ್ನಡಿಗನ ಕೈವಾಡವಿತ್ತೆಂಬುದು ಎಷ್ಟು ಜನರಿಗೆ ನೆನಪಾಯಿತೋ.

ಅದೇ ವರ್ಷ ಸೆಪ್ಟೆಂಬರಿನಲ್ಲಿ ಭಾರತ ತಂಡ ಎಲ್‌ಜಿ ಕಪ್ ಆಡಲು ಕೀನ್ಯಾದ ನೈರೋಬಿಗೆ ಹೋಯಿತು. ಸೆಪ್ಟೆಂಬರ್ 26, ಭಾನುವಾರ, ದಕ್ಷಿಣ ಆಫ್ರಿಕಾದ ವಿರುದ್ಧ ಭಾರದ್ವಾಜ್ ಅವರ ಪದಾರ್ಪಣೆ. ಆ ದಿನ ಸುನೀಲ್ ಜೋಶಿ ಹತ್ತು ಓವರುಗಳಲ್ಲಿ ಕೇವಲ 6 ರನ್ ಕೊಟ್ಟು 5 ವಿಕೆಟ್ ಪಡೆದರು; ದಕ್ಷಿಣ ಆಫ್ರಿಕಾ 117ಕ್ಕೆ ಮುಗಿಯಿತು. ಹೊಸಬರ ಸಾಧನೆ ಜೋಶಿಯವರ ನೆರಳಿನಲ್ಲಿ ಮರೆಯಾದೀತೆಂದು ತೋರಿತ್ತು. ಹಾಗಾಗಲಿಲ್ಲ. ಅಂತಿಮ ಪಂದ್ಯವನ್ನು ದಕ್ಷಿಣ ಆಫ್ರಿಕಾ ಗೆದ್ದರೂ ಸರಣಿಯ ಶ್ರೇಷ್ಠ ಆಟಗಾರ ಎಂಬ ಗೌರವ ಮೊದಲ ಸರಣಿಯನ್ನಾಡುತ್ತಿದ್ದ ಭಾರದ್ವಾಜ್ ಅವರಿಗೆ ಸಂದಿತು. ಅಕ್ಟೋಬರಿನಲ್ಲಿ ನ್ಯೂಜಿಲೆಂಡ್ ವಿರುದ್ಧ ಮೊಹಾಲಿಯಲ್ಲಿ ಟೆಸ್ಟ್ ಪದಾರ್ಪಣೆ; ಆ ಪಂದ್ಯದ ಮೊದಲ ಇನಿಂಗ್ಸಿನಲ್ಲಿ ಭಾರತ 83ಕ್ಕೆ ಕುಸಿದದ್ದು ಹಲವರಿಗೆ ನೆನಪಿರಬಹುದು.

ಮುಂದಿನದು ಬೇಗ ಮುಗಿಯುವ ಕಥೆ. ಒಟ್ಟು 3 ಟೆಸ್ಟ್, 28 ರನ್, ಒಂದು ವಿಕೆಟ್. 10 ಏಕದಿನ ಪಂದ್ಯ, 136 ರನ್, 16 ವಿಕೆಟ್. ತೆಂಡೂಲ್ಕರ್, ದ್ರಾವಿಡ್, ಗಂಗೂಲಿ, ಲಕ್ಷ್ಮಣ್ ತುಂಬಿದ್ದ ದಾಂಡಿಗರ ಸಾಲಿನಲ್ಲಿ ಜಾಗ ಹುಡುಕುವುದು ಸುಲಭವಿರಲಿಲ್ಲ. ಬ್ಯಾಟಿಂಗಿನ ಜೊತೆಗೆ ಒಂದಿಷ್ಟು ಸ್ಪಿನ್ ಮಾಡಬಲ್ಲವನ ಸ್ಥಾನವಂತೂ ಮರುವರ್ಷ ಅದೇ ನೈರೋಬಿಯಲ್ಲಿ ಪದಾರ್ಪಣೆ ಮಾಡಿದ ಯುವರಾಜ್ ಸಿಂಗ್ ಎಂಬ ಹುಡುಗನ ಪಾಲಾಯಿತು. ಭಾರದ್ವಾಜ್ ದೇಶೀಯ ಕ್ರಿಕೆಟ್ಟಿನಲ್ಲಿ ಐದು ಸಾವಿರಕ್ಕೂ ಮಿಕ್ಕಿ ರನ್ ಗಳಿಸಿ, ಆಟ ಮುಗಿಸಿ, ತರಬೇತಿಯ ಕಡೆಗೆ ಹೊರಳಿದರು. ಇಷ್ಟೇ ಆಗಿದ್ದರೆ ಅವರ ಹೆಸರು ಅಂಕಿಅಂಶದ ಪುಸ್ತಕಗಳಲ್ಲಿ ಒಂದು ಸಾಲಾಗಿ ಉಳಿಯುತ್ತಿತ್ತು. ಅಂಥ ಸಾಲುಗಳು ಭಾರತೀಯ ಕ್ರಿಕೆಟ್ಟಿನಲ್ಲಿ ನೂರಾರಿವೆ. ನಮ್ಮ ನೆರೆಯ ರಾಯಚೂರಿನಲ್ಲಿ ಹುಟ್ಟಿ, ರೈಲ್ವೇಸ್ ಮತ್ತು ಕರ್ನಾಟಕ ತಂಡಗಳ ನಡುಸಾಲಿಗೆ ಆಧಾರಸ್ತಂಭವಾಗಿದ್ದ ಯೆರೆ ಗೌಡರಿಗೆ ಭಾರತದ ಟೋಪಿ ಒಮ್ಮೆಯೂ ದೊರೆಯಲಿಲ್ಲ.

2018ರಲ್ಲಿ ಐಪಿಎಲ್ ಪ್ರಸಾರದ ಹಕ್ಕು ಸ್ಟಾರ್ ಸಂಸ್ಥೆಗೆ ಬಂದಾಗ ಇಂಗ್ಲಿಷ್, ಹಿಂದಿ, ತಮಿಳು, ತೆಲುಗು, ಬಂಗಾಳಿಗಳ ಜೊತೆಗೆ ಕನ್ನಡದಲ್ಲೂ ವೀಕ್ಷಕ ವಿವರಣೆ ಆರಂಭವಾಯಿತು. ಅದರ ಬೆನ್ನಿಗೆ ಕನ್ನಡಕ್ಕೇ ಮೀಸಲಾದ ಕ್ರೀಡಾವಾಹಿನಿಯೂ ಬಂತು. ಹಳೆಯ ರಣಜಿ ಆಟಗಾರರಿಗೆ ಕರೆ ಹೋಯಿತು. ಹೀಗೆ ಕುಳಿತವರಲ್ಲಿ ವಿಜಯ್ ಭಾರದ್ವಾಜ್ ಒಬ್ಬರು. ಅಲ್ಲಿಂದೀಚೆಗೆ ಪಂದ್ಯದ ಮುನ್ನ, ಪಂದ್ಯದ ನಡುವೆ, ಪಂದ್ಯ ಮುಗಿದ ಮೇಲೆ, ದೂರದರ್ಶನದಲ್ಲೂ ಮೊಬೈಲಿನಲ್ಲೂ, ಕನ್ನಡದ ಕ್ರಿಕೆಟ್ ಚರ್ಚೆಗಳ ಪರಿಚಿತ ಅತಿಥಿಯಾಗಿ ಅವರು ಬಂದು ಕುಳಿತಿದ್ದಾರೆ. ಭಾರತಕ್ಕಾಗಿ ಹತ್ತೇ ಏಕದಿನ ಪಂದ್ಯವಾಡಿದವರು ಮಾತನಾಡಿದ ಪಂದ್ಯಗಳು ಅದಕ್ಕೆ ಎಷ್ಟೋ ಪಾಲು ಹೆಚ್ಚು.

ಈ ಕೆಲಸದ ರೀತಿಯನ್ನು ನಮ್ಮ ಪಾಲಕರು ತಿಳಿದಿರುವುದು ಒಳ್ಳೆಯದು. ವಿವರಣೆಯ ಕೊಠಡಿಯಲ್ಲಿ ಸಾಮಾನ್ಯವಾಗಿ ಇಬ್ಬರಿರುತ್ತಾರೆ. ಒಬ್ಬರು ನಡೆಯುತ್ತಿರುವುದನ್ನು ಹೇಳುವವರು, ಇನ್ನೊಬ್ಬರು ಅದು ಏಕೆ ನಡೆಯಿತೆಂದು ಹೇಳುವವರು. ಭಾರದ್ವಾಜ್ ಅವರದು ಎರಡನೆಯ ಕೆಲಸ. ಎರಡು ಎಸೆತಗಳ ನಡುವೆ ಅವರಿಗೆ ದೊರೆಯುವುದು ಅರ್ಧ ನಿಮಿಷವೂ ಇಲ್ಲದ ಸಮಯ. ಅಷ್ಟರಲ್ಲಿ ಒಂದು ಕಾರಣವನ್ನು ಹೇಳಿ, ವಾಕ್ಯ ಮುಗಿಸಿ, ಬೌಲರ್ ಓಡಲಾರಂಭಿಸುವ ಮುನ್ನ ಬಾಯಿ ಮುಚ್ಚಬೇಕು. ಪ್ರಾದೇಶಿಕ ಭಾಷೆಗಳ ತಂಡಗಳು ಬಹುಮಟ್ಟಿಗೆ ಮೈದಾನದಲ್ಲಿರುವುದೂ ಇಲ್ಲ. ದೂರದ ಮುಂಬಯಿಯ ಸ್ಟುಡಿಯೋದಲ್ಲಿ ಪರದೆ ನೋಡುತ್ತಾ ಮಾತನಾಡುತ್ತವೆ. ಕ್ಯಾಮೆರಾ ತೋರಿಸಿದಷ್ಟೇ ಅವರಿಗೂ ಕಾಣುತ್ತದೆ. ಮಿಡ್‌ವಿಕೆಟ್ಟಿನ ಕ್ಷೇತ್ರರಕ್ಷಕ ನಾಲ್ಕು ಹೆಜ್ಜೆ ಹಿಂದೆ ಸರಿದದ್ದು ಪರದೆಯ ಹೊರಗೆ ನಡೆದಿರುತ್ತದೆ. ಆಗ ಕೈಹಿಡಿಯುವುದು ಅನುಭವ. ಬೌಲರ್ ಎಸೆದ ಚೆಂಡಿನಿಂದಲೇ ಕ್ಷೇತ್ರರಕ್ಷಣೆ ಹೇಗೆ ಬದಲಾಗಿರಬೇಕೆಂದು ಊಹಿಸಬಲ್ಲವನು, ತಾನೂ ಒಮ್ಮೆ ಐದನೆಯ ದಿನದ ಸಂಜೆ ದಾಂಡಿಗನ ಸುತ್ತ ಬಲೆ ಹೆಣೆದವನಾಗಿರಬೇಕು. ಭಾರದ್ವಾಜ್ ಅವರು ಸ್ಪಿನ್ ಬೌಲಿಂಗ್ ಕುರಿತು ಮಾತನಾಡುವಾಗ ನನಗೆ 1999ರ ಆ ಪಂದ್ಯ ನೆನಪಾಗುವುದು ಈ ಕಾರಣದಿಂದ. ದೊಡ್ಡ ಹೆಸರಿನ ಆಟಗಾರರು ಹಲವರು ತಮ್ಮ ಕಾಲದ ಕಥೆಗಳನ್ನು ಹೇಳಿ ರಂಜಿಸುತ್ತಾರೆ. ಇವರು ಎದುರಿಗಿರುವ ಚೆಂಡನ್ನು ಬಿಡಿಸಿ ತೋರಿಸುತ್ತಾರೆ. ಇದು ನನ್ನ ಅಭಿಪ್ರಾಯ. ಒಪ್ಪದವರೂ ಇರಬಹುದು.

ಭಾಷೆಯ ಪ್ರಶ್ನೆ ಇನ್ನೂ ಸ್ವಾರಸ್ಯದ್ದು. ನಮ್ಮ ಹಿಂದಿನ ಪತ್ರಿಕೆಗಳು ಕ್ರಿಕೆಟ್ಟನ್ನು ಕನ್ನಡಕ್ಕೆ ತರಲು ಬಹಳ ಶ್ರಮಿಸಿದವು. ಬ್ಯಾಟ್ ದಾಂಡಾಯಿತು, ರನ್ ಓಟವಾಯಿತು, ವಿಕೆಟ್ ಹುದ್ದರಿಯಾಯಿತು, ವಿಕೆಟ್‌ಕೀಪರ್ ಗೂಟರಕ್ಷಕನಾದ. ಇವುಗಳಲ್ಲಿ ದಾಂಡಿಗ, ಎಸೆತ, ಕ್ಷೇತ್ರರಕ್ಷಣೆ ಉಳಿದವು. ಹುದ್ದರಿಯನ್ನು ಇಂದು ಹುಡುಕಬೇಕು. ಬಾಯಿಮಾತಿನ ವಿವರಣೆಗೆ ಪತ್ರಿಕೆಯಷ್ಟು ಬಿಡುವಿಲ್ಲ. ಚೆಂಡು ಗಾಳಿಯಲ್ಲಿರುವಾಗ ಪದಕೋಶ ತೆರೆಯಲಾಗದು. ಆದುದರಿಂದ ಇಂದಿನ ವಿವರಣೆಗಾರರು ವಿಕೆಟ್, ಬೌಂಡರಿ, ಸಿಕ್ಸರ್‌ಗಳನ್ನು ಹಾಗೆಯೇ ಇಟ್ಟುಕೊಂಡು ಕ್ರಿಯಾಪದಗಳನ್ನು ಕನ್ನಡದಿಂದ ತರುತ್ತಾರೆ: ಚೆಂಡು ಕಚ್ಚಿತು, ಏರಿತು, ಒಳಗೆ ಬಂತು, ಜಾರಿತು, ಎದ್ದಿತು. ನಾಮಪದ ಎಲ್ಲಿಂದಲಾದರೂ ಬರಲಿ, ಆಟ ನಡೆಯುವುದು ಕ್ರಿಯಾಪದದಲ್ಲಿ. ಅದು ಕನ್ನಡವಾಗಿದ್ದರೆ ಮಾತು ಕನ್ನಡವಾಗಿಯೇ ಇರುತ್ತದೆ. ವ್ಯಾಕರಣ ಕಲಿಸಿದ ನನ್ನಂಥವನಿಗೆ ಇದು ಹಿತವಾದ ಪಾಠ. ಹುದ್ದರಿ ಹೋಯಿತಲ್ಲ ಎಂಬ ಸಣ್ಣ ವ್ಯಥೆಯನ್ನೂ ಮುಚ್ಚಿಡಲಾರೆ.

ಒಂದು ಕೊರತೆಯನ್ನೂ ಹೇಳಬೇಕು. ಈ ವಿವರಣೆಯ ಕನ್ನಡ ಬಹುಪಾಲು ಬೆಂಗಳೂರು, ಮೈಸೂರು ಕಡೆಯದು. ನಮ್ಮ ಮಕ್ಕಳು ಮನೆಯಲ್ಲಿ ಆಡುವ ಕನ್ನಡಕ್ಕೂ ಅದಕ್ಕೂ ದೂರವಿದೆ. “ಔಟ್ ಆಗ್ಯಾನ್ರಿ” ಎನ್ನುವ ಹುಡುಗ “ಔಟಾಗಿದ್ದಾರೆ” ಎಂಬುದನ್ನು ಕೇಳುತ್ತಾನೆ. ಮೊದಲ ವರ್ಷ ನಮ್ಮ ಓಣಿಯಲ್ಲಿ ಕೆಲವರು ಇದನ್ನು ಹಾಸ್ಯಮಾಡಿದ್ದುಂಟು. ತೆಲುಗು ವಿವರಣೆಯನ್ನೇ ಹಾಕಿಕೊಂಡವರೂ ಉಂಟು, ಅದು ಕಿವಿಗೆ ಹತ್ತಿರವೆನಿಸಿತೆಂದು. ಆಡುಮಾತಿನಲ್ಲಿ ರಾಯಚೂರು, ಕಲಬುರಗಿಯ ಧಾಟಿಯೂ ಅಲ್ಲಿ ಕೇಳಿಬರಬೇಕೆಂಬುದು ನನ್ನ ಆಸೆ. ಆದರೆ ಮಕ್ಕಳು ನಮಗಿಂತ ಜಾಣರು. ಅವರು ಪಠ್ಯಪುಸ್ತಕದ ಕನ್ನಡವನ್ನು ತರಗತಿಯಲ್ಲಿ ಕಲಿತು, ಮನೆಯ ಕನ್ನಡವನ್ನು ಮನೆಯಲ್ಲಿಟ್ಟು, ವಿವರಣೆಯ ಕನ್ನಡವನ್ನು ಮೈದಾನಕ್ಕೆ ಒಯ್ದರು.

ಇಲ್ಲಿಗೆ ನಾನು ಈ ಕಥೆಯನ್ನು ನಮ್ಮ ಶಾಲೆಯ ಸಂಚಿಕೆಗೆ ತಂದ ಕಾರಣವೂ ಬಂತು. ತೆಲಂಗಾಣ ಸರ್ಕಾರ ಕನ್ನಡ ಮಾಧ್ಯಮದಲ್ಲಿ ಹತ್ತನೆಯ ತರಗತಿಯವರೆಗೆ ಓದಲು, ಪರೀಕ್ಷೆ ಬರೆಯಲು ಅವಕಾಶವನ್ನಿತ್ತಿದೆ. ಅವಕಾಶವಿದ್ದರೂ ಪ್ರತಿ ಜೂನ್ ತಿಂಗಳಲ್ಲಿ ಪ್ರವೇಶದ ಮೇಜಿನ ಬಳಿ ಒಂದೇ ಪ್ರಶ್ನೆ: “ಗುರುಗಳೇ, ಕನ್ನಡ ಓದಿ ಮುಂದೆ ಏನು ಮಾಡ್ತಾನ?” ಈ ಪ್ರಶ್ನೆಗೆ ಭಾವುಕವಾಗಿ ಉತ್ತರಿಸುವುದನ್ನು ನಾನು ಬಹಳ ಹಿಂದೆಯೇ ಬಿಟ್ಟೆ. ತಾಯ್ನುಡಿಯ ಹಿರಿಮೆಯನ್ನು ಹೇಳಿದರೆ ಪಾಲಕರು ಗೌರವದಿಂದ ಕೇಳಿ, ನಮಸ್ಕಾರ ಹೇಳಿ, ಮಗುವನ್ನು ಇಂಗ್ಲಿಷ್ ಶಾಲೆಗೆ ಸೇರಿಸುತ್ತಾರೆ. ಅವರನ್ನು ದೂರುವಂತಿಲ್ಲ, ಹೊಟ್ಟೆಪಾಡಿನ ಪ್ರಶ್ನೆಗೆ ಹೊಟ್ಟೆಪಾಡಿನ ಉತ್ತರವೇ ಬೇಕು. ಕನ್ನಡದಲ್ಲಿ ಚೆನ್ನಾಗಿ ವಿವರಿಸಬಲ್ಲ ಶಕ್ತಿಯೇ ಒಂದು ವೃತ್ತಿಯಾಗಬಹುದೆಂಬುದಕ್ಕೆ ನಮ್ಮ ಕಣ್ಣೆದುರಿನಲ್ಲೇ ನಡೆದ ಉದಾಹರಣೆ ಈ ಮಾತಿನ ಮಂದಿ. ಎಲ್ಲರೂ ಆ ಕುರ್ಚಿಗೆ ಹೋಗಲಾರರು ನಿಜ. ಭಾರದ್ವಾಜ್ ಅವರನ್ನು ಕರೆದದ್ದು ಅವರು ಆಡಿದ್ದರಿಂದ, ಕೇವಲ ಕನ್ನಡ ಬಲ್ಲವರೆಂದಲ್ಲ. ಆದರೆ ಅವರೊಡನೆ ಕುಳಿತು ಎಸೆತದಿಂದೆಸೆತಕ್ಕೆ ವಿವರಿಸುವವರು, ತೆರೆಯ ಮೇಲಿನ ಅಕ್ಷರ ಬರೆಯುವವರು, ಕಾರ್ಯಕ್ರಮ ಹೆಣೆಯುವವರು ಎಲ್ಲರಿಗೂ ಬೇಕಾದದ್ದು ಮೊದಲು ಭಾಷೆ. 2023ರಲ್ಲಿ ಐಪಿಎಲ್ ಮೊಬೈಲಿನಲ್ಲಿ ಹನ್ನೆರಡು ಭಾಷೆಗಳಲ್ಲಿ ಉಚಿತವಾಗಿ ಬಂದಾಗ ಆ ಹನ್ನೆರಡರಲ್ಲಿ ಕನ್ನಡವೂ ಒಂದಾಗಿತ್ತು. ಹೈದರಾಬಾದ್ ಮತ್ತು ಬೆಂಗಳೂರು ತಂಡಗಳು ಸೆಣಸಿದ ಸಂಜೆ ನಮ್ಮ ಊರಿನ ಒಂದೇ ಕಟ್ಟೆಯ ಮೇಲೆ ಎರಡು ಮೊಬೈಲುಗಳು, ಒಂದರಲ್ಲಿ ತೆಲುಗು, ಒಂದರಲ್ಲಿ ಕನ್ನಡ. ಗೆದ್ದವರು ಯಾರಾದರೂ ಮಿರ್ಚಿ ಭಜ್ಜಿ ತಿಂದವರು ಎಲ್ಲರೂ.

ಕಳೆದ ಕ್ರೀಡಾಕೂಟದಲ್ಲಿ ಎಂಟನೆಯ ತರಗತಿಯ ಇಬ್ಬರು ಹುಡುಗರು ಬೇವಿನ ಮರದ ಕೆಳಗೆ ಮೈಕು ಹಿಡಿದು ಕುಳಿತರು. ಯಾರೂ ಹೇಳಿಕೊಟ್ಟದ್ದಲ್ಲ. ಒಬ್ಬ ನಡೆಯುತ್ತಿರುವುದನ್ನು ಹೇಳಿದ, ಇನ್ನೊಬ್ಬ ಅದು ಏಕೆ ನಡೆಯಿತೆಂದು ಹೇಳಿದ. ಒಂಬತ್ತನೆಯ ತರಗತಿಯ ಬೌಲರ್ ಒಬ್ಬ ಮೂರು ಚೆಂಡುಗಳನ್ನು ಹೊಡೆಸಿಕೊಂಡಾಗ, “ಇವರು ಬಿರುಸಾಗಿ ಎಸೆಯುತ್ತಿದ್ದಾರೆ, ಈ ನೆಲದಲ್ಲಿ ಮಣ್ಣು ಸಡಿಲವಿದೆ, ನಿಧಾನವಾಗಿ ಎಸೆದರೆ ಚೆಂಡು ನಿಂತು ಬರುತ್ತದೆ” ಎಂದು ಎರಡನೆಯವನು ಮೈಕಿನಲ್ಲಿ ಹೇಳಿದ. ಬೌಲರ್ ತಿರುಗಿ ನೋಡಿದ. ಮುಂದಿನ ಚೆಂಡನ್ನು ನಿಧಾನವಾಗಿ ಎಸೆದ, ದಾಂಡಿಗ ಔಟಾದ. ಹೊರಗಿನ ಮೈಕಿನಿಂದ ಸಲಹೆ ಕೊಡುವುದು ನ್ಯಾಯವೇ ಎಂದು ಎದುರಾಳಿ ತಂಡದವರು ದೈಹಿಕ ಶಿಕ್ಷಕರ ಬಳಿ ತಕರಾರು ತೆಗೆದರು. ಶಿಕ್ಷಕರು ತಕರಾರನ್ನು ಒಪ್ಪಿ, ಔಟಾದ ಹುಡುಗನಿಗೆ ಮತ್ತೊಂದು ಅವಕಾಶ ಕೊಟ್ಟರು. ಮೈಕನ್ನು ಮಾತ್ರ ಆ ಇಬ್ಬರಿಂದ ಕಸಿದುಕೊಳ್ಳಲಿಲ್ಲ. ಶತಮಾನೋತ್ಸವದ ಕ್ರೀಡಾಕೂಟದ ಕಾರ್ಯಕ್ರಮ ಪಟ್ಟಿಯಲ್ಲಿ ವೀಕ್ಷಕ ವಿವರಣೆಯ ಎದುರಿಗೆ ಈ ಬಾರಿಯೂ ಅವರಿಬ್ಬರ ಹೆಸರೇ ಇದೆ.